ಮೂಕಿ ಯುದ್ಧಚಿತ್ರಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಮೊದಲು ಯಾವ ಚಿತ್ರ ನೋಡಬೇಕು?

1916ರ 'ದಿ ಬ್ಯಾಟಲ್ ಆಫ್ ದಿ ಸಾಮ್'. ಇದು ಕಥಾಚಿತ್ರವಲ್ಲ. ಮೊದಲ ಮಹಾಯುದ್ಧದಲ್ಲಿ ಉತ್ತರ ಫ್ರಾನ್ಸಿನ ಸಾಮ್ ನದಿಯ ಬಯಲಿನಲ್ಲಿ ಬ್ರಿಟಿಷ್ ಸೇನೆ ದಾಳಿಗೆ ಅಣಿಯಾದದ್ದು, ದಾಳಿಯ ಮೊದಲ ದಿನಗಳು, ಗಾಯಾಳುಗಳು, ಕೈದಿಗಳು, ಹೆಣಗಳು, ಎಲ್ಲವೂ ಇದರಲ್ಲಿವೆ. ಚಿತ್ರೀಕರಿಸಿದವರು ಜೆಫ್ರಿ ಮ್ಯಾಲಿನ್ಸ್ ಮತ್ತು ಜೆ.ಬಿ. ಮ್ಯಾಕ್‌ಡೊವೆಲ್ ಎಂಬ ಇಬ್ಬರೇ ಇಬ್ಬರು. ಐದು ರೀಲು, ಒಂದೂಕಾಲು ಗಂಟೆಯ ಆಸುಪಾಸು. ಲಂಡನ್ನಿನಲ್ಲಿ 1916ರ ಆಗಸ್ಟ್ 10ರಂದು ಆಹ್ವಾನಿತರಿಗೆ ತೋರಿಸಿ, 21ರಂದು ಸಾರ್ವಜನಿಕರಿಗೆ ಬಿಡುಗಡೆ ಮಾಡಿದರು. ಆಗ ಸಾಮ್ ಕಾಳಗ ಇನ್ನೂ ಮುಗಿದಿರಲಿಲ್ಲ, ಆ ವರ್ಷದ ನವೆಂಬರ್ ತನಕ ನಡೆಯಿತು. ಮಗ ಅಲ್ಲಿ ಕಂದಕದಲ್ಲಿರುವಾಗ ತಾಯಿ ಇಲ್ಲಿ ಟಿಕೆಟ್ ಕೊಂಡು ಅದೇ ಕಂದಕವನ್ನು ನೋಡಿದ ಚಿತ್ರ ಇದು. ಮೊದಲ ಆರು ವಾರಗಳಲ್ಲಿ ಬ್ರಿಟನ್ನಿನಲ್ಲಿ ಸುಮಾರು 2 ಕೋಟಿ ಟಿಕೆಟ್ ಹೋದವು ಎಂಬುದು ಸಾಮಾನ್ಯವಾಗಿ ಒಪ್ಪುವ ಅಂದಾಜು. 2005ರಲ್ಲಿ ಯುನೆಸ್ಕೊ ಇದನ್ನು 'ಮೆಮೊರಿ ಆಫ್ ದಿ ವರ್ಲ್ಡ್' ಪಟ್ಟಿಗೆ ಸೇರಿಸಿತು.

ಕಥಾಚಿತ್ರವೇ ಬೇಕೆಂದರೆ ಮುಂದೆ ಹೇಳುತ್ತೇವೆ. ಆದರೆ ಇದನ್ನು ನೋಡದೆ ಅವುಗಳಿಗೆ ಹೋದರೆ ಅವನ್ನು ತೆಗೆದವರು ಏನನ್ನು ನಕಲು ಮಾಡಿದರು ಎಂಬುದು ತಿಳಿಯುವುದಿಲ್ಲ.

ಸೈನಿಕರು ಕಂದಕದಿಂದ ಮೇಲೆ ಹತ್ತಿ ಹೋಗುವ ಆ ಪ್ರಸಿದ್ಧ ದೃಶ್ಯ ನಿಜವೇ?

ಅಲ್ಲ. ಪುಸ್ತಕದ ರಕ್ಷಾಪುಟ, ಟಿವಿ ಸಾಕ್ಷ್ಯಚಿತ್ರ, ವಾಟ್ಸಾಪ್ ಎಲ್ಲೆಡೆ ಓಡಾಡುವ ದೃಶ್ಯ ಅದೇ: ಸಾಲಾಗಿ ನಿಂತವರು ದಂಡೆ ಹತ್ತುತ್ತಾರೆ, ಒಬ್ಬ ಹಿಂದಕ್ಕೆ ಜಾರಿ ಬೀಳುತ್ತಾನೆ, ಉಳಿದವರು ಹೊಗೆಯಲ್ಲಿ ಮರೆಯಾಗುತ್ತಾರೆ. ಅದನ್ನು ಮುಂಚೂಣಿಯಿಂದ ದೂರ, ಸೇನೆಯ ತರಬೇತಿ ಜಾಗದಲ್ಲಿ, ದಾಳಿ ನಡೆದ ಮೇಲೆ ಆಡಿಸಿ ತೆಗೆದದ್ದು ಎಂದು ತಜ್ಞರು ತೀರ್ಮಾನಿಸಿದ್ದಾರೆ. ಕಾರಣಗಳನ್ನು ನೀವೇ ಪರದೆಯ ಮೇಲೆ ಎಣಿಸಬಹುದು.

ಕಂದಕ ಆಳವಿಲ್ಲ. ಮುಂದೆ ಮುಳ್ಳುತಂತಿಯ ಬೇಲಿಯಿಲ್ಲ. ದಾಳಿಯ ಮೊದಲ ದಿನವಾದ ಜುಲೈ 1ರಂದು ಹೊರಟ ಕಾಲಾಳಿನ ಮೈಮೇಲೆ ಸುಮಾರು 30 ಕಿಲೋ ಹೊರೆ ಇರುತ್ತಿತ್ತು, ಇಲ್ಲಿ ಓಡುವವರ ಬೆನ್ನು ಹಗುರ. ಕ್ಯಾಮೆರಾ ನಿಂತಿರುವ ಜಾಗ ನೋಡಿ: ನಿಜವಾದ ದಾಳಿಯಲ್ಲಿ ಅಲ್ಲಿ ಟ್ರೈಪಾಡ್ ನೆಟ್ಟು ನಿಂತವನು ಕ್ಯಾಮೆರಾ ಓಡಿಸುವ ಹಿಡಿಯನ್ನು ಎರಡನೇ ಬಾರಿ ತಿರುಗಿಸಲು ಉಳಿಯುತ್ತಿರಲಿಲ್ಲ. ಇನ್ನು ಗುಂಡೇಟು ತಿಂದು 'ಸತ್ತ' ಒಬ್ಬ, ನೆಲದ ಮೇಲೆ ಸರಿಯಾಗಿ ಒರಗಿಕೊಳ್ಳಲು ಕಾಲಿನ ಮೇಲೆ ಕಾಲು ಹಾಕಿಕೊಳ್ಳುತ್ತಾನೆ. ಒಮ್ಮೆ ಕಂಡರೆ ಮತ್ತೆಂದೂ ಕಾಣದೆ ಇರಲಾಗದು.

ಹಾಗಾದರೆ ಇಡೀ ಚಿತ್ರವೇ ಸುಳ್ಳು ಅಲ್ಲವೇ?

ಇಲ್ಲ. ಈ ಅವಸರದ ತೀರ್ಪು ಮೊದಲ ಮೋಸಕ್ಕಿಂತ ಹೆಚ್ಚು ಹಾನಿ ಮಾಡಿದೆ. ಆಡಿಸಿ ತೆಗೆದ ಭಾಗ ಒಂದೆರಡು ನಿಮಿಷ ಮೀರದು. ಉಳಿದದ್ದು ಬಹುಪಾಲು ಆಯಾ ಜಾಗದಲ್ಲಿ ಆಯಾ ದಿನಗಳಲ್ಲಿ ತೆಗೆದದ್ದು.

ಮೂರು ದೃಶ್ಯಗಳನ್ನು ನಿಲ್ಲಿಸಿ ನಿಲ್ಲಿಸಿ ನೋಡಿ. ಒಂದು, ಬೋಮೋಂ ಹಮೆಲ್ ಹಳ್ಳಿಯ ಎದುರಿನ ತಗ್ಗು ದಾರಿಯಲ್ಲಿ ಕುಳಿತ ಲ್ಯಾಂಕಾಷೈರ್ ಫ್ಯೂಸಿಲಿಯರ್ಸ್ ದಳ. ದಾಳಿ ಶುರುವಾಗಲು ಅರ್ಧ ಗಂಟೆಯೋ ಅದಕ್ಕಿಂತ ತುಸು ಹೆಚ್ಚೋ ಬಾಕಿ. ಒಬ್ಬ ನಗುತ್ತಾನೆ, ಒಬ್ಬ ಕ್ಯಾಮೆರಾವನ್ನೇ ದುರುಗುಟ್ಟಿ ನೋಡುತ್ತಾನೆ. ಆ ದಾರಿಯಿಂದ ಎದ್ದು ಬಯಲಿಗೆ ಇಳಿದವರಲ್ಲಿ ಬಹಳ ಮಂದಿ ಕೆಲವೇ ನಿಮಿಷಗಳಲ್ಲಿ ಸತ್ತರು ಇಲ್ಲವೇ ಗಾಯಗೊಂಡರು. ಎರಡು, ಹಾಥಾರ್ನ್ ದಿಬ್ಬದ ಸ್ಫೋಟ. ಜರ್ಮನ್ ನೆಲೆಯ ಅಡಿಗೆ ಸುರಂಗ ತೋಡಿ 40,000 ಪೌಂಡ್, ಅಂದರೆ ಸುಮಾರು 18 ಟನ್, ಅಮೋನಲ್ ಎಂಬ ಸ್ಫೋಟಕ ತುಂಬಿ ಬೆಳಗ್ಗೆ 7:20ಕ್ಕೆ ಸಿಡಿಸಿದರು. ದಾಳಿ 7:30ಕ್ಕೆ. ಆ ಹತ್ತು ನಿಮಿಷ ಜರ್ಮನ್ನರಿಗೆ ಎಚ್ಚರಿಕೆಯ ಗಂಟೆಯಾಯಿತು. ಸಿಡಿಯುವ ಮುನ್ನವೇ ಹಿಡಿ ತಿರುಗಿಸಲು ತೊಡಗಿದ ಮ್ಯಾಲಿನ್ಸ್‌ಗೆ, ಸ್ಫೋಟಕ್ಕೆ ಮೊದಲೇ ಫಿಲ್ಮ್ ಮುಗಿದುಹೋದರೆ ಎಂಬ ದಿಗಿಲಿತ್ತಂತೆ. (ತಮ್ಮ ಸಾಹಸದ ಬಗ್ಗೆ ಆತ ಬರೆದುಕೊಂಡದ್ದನ್ನೆಲ್ಲ ಉತ್ಪ್ರೇಕ್ಷೆ ತುಸು ಕಳೆದುಕೊಂಡೇ ಓದಬೇಕು.) ಮೂರನೆಯದು, ಗಾಯಗೊಂಡ ಜೊತೆಗಾರನನ್ನು ಬೆನ್ನ ಮೇಲೆ ಹೊತ್ತು ಕಂದಕದಲ್ಲಿ ಬರುವವನು. ಹೊತ್ತು ತಂದ ಅರ್ಧ ಗಂಟೆಗೆ ಗಾಯಾಳು ತೀರಿಕೊಂಡ ಎಂದು ದೃಶ್ಯಗಳ ನಡುವೆ ಪರದೆಯಲ್ಲಿ ಬರುವ ಬರಹ, ಅಂದರೆ ಟೈಟಲ್ ಕಾರ್ಡ್, ಹೇಳುತ್ತದೆ.

ಸ್ಫೋಟದ ನಂತರ ದೂರದ ಇಳಿಜಾರಿನಲ್ಲಿ ಇರುವೆಗಳಂತೆ ಚುಕ್ಕೆಗಳು ಚಲಿಸುವ ತುಣುಕೊಂದಿದೆ. ನೋಡುಗರು ಅದನ್ನು ದಾಟಿಸಿಬಿಡುತ್ತಾರೆ. ಜುಲೈ 1ರ ನಿಜವಾದ ಕಾಳಗ ಅದು. ಅಂದು ಒಂದೇ ದಿನ ಬ್ರಿಟಿಷ್ ಸೇನೆಯ 57,470 ಮಂದಿಗೆ ಸಾವುನೋವಾಯಿತು, ಅವರಲ್ಲಿ ಸತ್ತವರು 19,240.

ನಿಜವಾದ ಕಾಳಗವನ್ನು ಹತ್ತಿರದಿಂದ ಯಾಕೆ ತೆಗೆಯಲಾಗಲಿಲ್ಲ?

ಧೈರ್ಯ ಸಾಲದೆ ಅಲ್ಲ, ಯಂತ್ರ ಬಿಡಲಿಲ್ಲ. ಮ್ಯಾಲಿನ್ಸ್ ಬಳಿ ಇದ್ದದ್ದು ಮೋಯ್ ಅಂಡ್ ಬ್ಯಾಸ್ಟಿ ಕ್ಯಾಮೆರಾ: ಮರದ ಪೆಟ್ಟಿಗೆ, ಪಕ್ಕದಲ್ಲಿ ತಿರುಗಿಸುವ ಹಿಡಿ, ಕೆಳಗೆ ತೂಕದ ಟ್ರೈಪಾಡ್. ಒಂದು ಸುತ್ತಿಗೆ 8 ಫ್ರೇಮ್, ಸೆಕೆಂಡಿಗೆ ಎರಡು ಸುತ್ತು. ಒಂದು ಕೈ ಹಿಡಿ ಬಿಡುವಂತಿಲ್ಲ. ಕ್ಯಾಮೆರಾವನ್ನು ಅತ್ತಿತ್ತ ಹೊರಳಿಸಬೇಕೆಂದರೆ ಟ್ರೈಪಾಡ್ ತಲೆಯ ಇನ್ನೊಂದು ಹಿಡಿಯನ್ನು ಎಡಗೈಯಿಂದ ತಿರುಗಿಸಬೇಕು. ಎರಡು ಕೈಗೆ ಎರಡು ಬೇರೆ ತಾಳ. ತಬಲಾದವರಿಗೆ ಇದು ಅರ್ಥವಾದೀತು.

ಫಿಲ್ಮಿನ ಲೆಕ್ಕವನ್ನೂ ನೋಡಿ. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಫ್ರೇಮ್. 400 ಅಡಿಯ ಡಬ್ಬಿ ತುಂಬಿದರೆ 6,400 ಫ್ರೇಮ್, ಅಂದರೆ ಸೆಕೆಂಡಿಗೆ 16ರ ವೇಗದಲ್ಲಿ 6 ನಿಮಿಷ 40 ಸೆಕೆಂಡು. ಮುಗಿದರೆ ಡಬ್ಬಿ ಬದಲಿಸಿ, ಹಲ್ಲುಚಕ್ರಗಳ ಮೇಲೆ ಹೊಸ ಫಿಲ್ಮ್ ಕೂರಿಸಿ, ಕುಣಿಕೆ ಸರಿಯಾಗಿ ಬಿಟ್ಟು ಮುಚ್ಚಳ ಹಾಕಬೇಕು. ಕುಣಿಕೆ ಚಿಕ್ಕದಾದರೆ ಫಿಲ್ಮ್ ಹರಿಯುತ್ತದೆ, ದೊಡ್ಡದಾದರೆ ಗೀಚುತ್ತದೆ. ಕಂದಕದ ಮಣ್ಣಿನ ಒಂದು ಕಣ ಫಿಲ್ಮ್ ಹಾದುಹೋಗುವ ಗೇಟಿನಲ್ಲಿ ಕುಳಿತರೆ ರೀಲು ಉದ್ದಕ್ಕೂ ಗೆರೆ.

ಕಂದಕದ ಅಂಚಿನ ಮೇಲೆ ಕ್ಯಾಮೆರಾ ಎತ್ತಿದರೆ ಎದುರಿನ ವೀಕ್ಷಕನಿಗೆ ಅದು ಮಷಿನ್‌ಗನ್ನೇ. ಎತ್ತದಿದ್ದರೆ ಕಾಣುವುದು ಎದುರು ಗೋಡೆಯ ಮಣ್ಣು. ಮೇಲಾಗಿ ಆ ಯುದ್ಧದಲ್ಲಿ ಶತ್ರುವೇ ಕಾಣುತ್ತಿರಲಿಲ್ಲ. ಆತ ನೂರಾರು ಗಜ ದೂರದಲ್ಲಿ ನೆಲದೊಳಗಿದ್ದ, ಕೊಲ್ಲುತ್ತಿದ್ದ ಫಿರಂಗಿ ಮೈಲಿಗಳಾಚೆ ಇತ್ತು. ಪೋಲಿಷ್ ತಂತ್ರಜ್ಞ ಕಜಿಮಿಯೆಜ್ ಪ್ರೊಶಿನ್ಸ್ಕಿ ರೂಪಿಸಿದ ಏರೋಸ್ಕೋಪ್ ಎಂಬ ಕ್ಯಾಮೆರಾ ಒತ್ತಿ ತುಂಬಿದ ಗಾಳಿಯ ಬಲದಿಂದ ಓಡುತ್ತಿತ್ತು, ಕೈಯಲ್ಲಿ ಹಿಡಿದೇ ತೆಗೆಯಬಹುದಿತ್ತು. ಅದರಿಂದ ಕೈಗಳ ಕಷ್ಟ ನೀಗಿತೇ ಹೊರತು ಕಾಣದ ಶತ್ರು ಕಾಣಲಿಲ್ಲ.

ಎಲ್ಲರೂ ದಡಬಡ ಓಡುವಂತೆ ನಡೆಯುತ್ತಾರಲ್ಲ, ಯಾಕೆ?

ತೆಗೆದ ವೇಗ ಒಂದು, ತೋರಿಸುವ ವೇಗ ಇನ್ನೊಂದು. 16 ಫ್ರೇಮಿಗೆ ತೆಗೆದದ್ದನ್ನು ಟಾಕಿ ಕಾಲದ 24ಕ್ಕೆ ಓಡಿಸಿದರೆ ನಡಿಗೆ ಒಂದೂವರೆ ಪಟ್ಟು ಚುರುಕಾಗುತ್ತದೆ. 1,000 ಅಡಿಯ ರೀಲು 16 ನಿಮಿಷ 40 ಸೆಕೆಂಡು ಓಡುವ ಬದಲು ಸುಮಾರು 11 ನಿಮಿಷಕ್ಕೆ ಮುಗಿಯುತ್ತದೆ. ಆಗಿನವರಿಗೆ ಅದು ಹಾಸ್ಯವಾಗಿ ಕಂಡಿರಲಿಲ್ಲ, ಹಾಸ್ಯ ನಾವು ಸೇರಿಸಿದ್ದು.

ಸರಿಪಡಿಸುವುದು ಸುಲಭ. ಯೂಟ್ಯೂಬ್ ವೇಗವನ್ನು 0.65ಕ್ಕೆ ಇಳಿಸಿ ನೋಡಿ. ಮೂಲ 18 ಫ್ರೇಮಿನದಾಗಿದ್ದರೆ 0.75 ಸರಿಹೋಗುತ್ತದೆ. ಸೈನಿಕರು ಹೆಜ್ಜೆ ಹಾಕುವ ದೃಶ್ಯವನ್ನೇ ಅಳತೆಗೋಲು ಮಾಡಿಕೊಳ್ಳಿ: ಬ್ರಿಟಿಷ್ ಕಾಲಾಳುಪಡೆ ನಿಮಿಷಕ್ಕೆ ಹೆಚ್ಚುಕಡಿಮೆ 120 ಹೆಜ್ಜೆ ಹಾಕುತ್ತಿತ್ತು. ಗಡಿಯಾರ ಹಿಡಿದು 15 ಸೆಕೆಂಡಿನಲ್ಲಿ 30 ಹೆಜ್ಜೆ ಬರುವ ತನಕ ವೇಗ ತಿದ್ದಿ. ಮುಖ್ಯವಾದ ತೊಡಕು: ಹಿಡಿ ತಿರುಗಿಸಿದ್ದು ಮನುಷ್ಯನ ಕೈ. ಬೆಳಕು ಕಡಿಮೆಯಾದಾಗ ನಿಧಾನವಾಗಿ ತಿರುಗಿಸಿ ಪ್ರತಿ ಫ್ರೇಮಿಗೂ ಹೆಚ್ಚು ಬೆಳಕು ಕೊಡುತ್ತಿದ್ದರು. ಹಾಗಾಗಿ ಒಂದೇ ಚಿತ್ರದಲ್ಲಿ ಒಂದು ದೃಶ್ಯಕ್ಕೆ ಹೊಂದಿದ ವೇಗ ಮುಂದಿನದಕ್ಕೆ ಹೊಂದದೇ ಇರಬಹುದು. ಈಚಿನ ಒಳ್ಳೆಯ ಪ್ರತಿಗಳಲ್ಲಿ ಇದನ್ನು ಮೊದಲೇ ತಿದ್ದಿರುತ್ತಾರೆ, ಅದರ ಮೇಲೆ ನೀವೂ ತಿದ್ದಿದರೆ ಎಲ್ಲರೂ ನೀರಿನೊಳಗೆ ನಡೆದಂತಾಗುತ್ತದೆ.

ಆಕಾಶ ಯಾವಾಗಲೂ ಬೆಳ್ಳಗೆ, ರಕ್ತ ಕಪ್ಪಗೆ?

ಆರ್ಥೊಕ್ರೊಮ್ಯಾಟಿಕ್ ಫಿಲ್ಮ್. ನೀಲಿಗೆ ಬೇಗ ಸ್ಪಂದಿಸುತ್ತದೆ, ಕೆಂಪು ಅದಕ್ಕೆ ಕಾಣುವುದೇ ಇಲ್ಲ. ನೀಲಿ ಆಕಾಶ ಸುಟ್ಟು ಬಿಳಿಯಾಗುತ್ತದೆ, ರಕ್ತವೂ ಕೆಸರೂ ಒಂದೇ ಬಣ್ಣವಾಗುತ್ತವೆ. ಸೆನ್ಸಾರಿಗೆ ಇದರಿಂದ ಅನುಕೂಲವೇ ಆಯಿತೆನ್ನಬೇಕು.

ಸಾಮ್ ಚಿತ್ರಕ್ಕೂ ಮೊದಲು ಯುದ್ಧಚಿತ್ರಗಳೇ ಇರಲಿಲ್ಲವೇ?

ಇದ್ದವು, ಬಹುಪಾಲು ಹಿತ್ತಲಲ್ಲಿ ತೆಗೆದವು. 1897ರ ಗ್ರೀಸ್–ಟರ್ಕಿ ಯುದ್ಧವನ್ನು ಜಾರ್ಜ್ ಮೆಲಿಯೆ ಪ್ಯಾರಿಸ್ ಬಳಿಯ ತಮ್ಮ ಸ್ಟುಡಿಯೊದಲ್ಲೇ ಕಟ್ಟಿದರು. 1898ರ ಸ್ಪೇನ್–ಅಮೆರಿಕ ಯುದ್ಧದಲ್ಲಿ ಸ್ಯಾಂಟಿಯಾಗೊ ನೌಕಾಕಾಳಗದ 'ಚಿತ್ರ'ಗಳು ಬಂದವು. ವಿಟಾಗ್ರಾಫ್ ಕಂಪನಿಯ ಆಲ್ಬರ್ಟ್ ಸ್ಮಿತ್ ಮುಂದೆ ನೆನಪಿಸಿಕೊಂಡಂತೆ, ಹಡಗುಗಳ ಫೋಟೊ ಕತ್ತರಿಸಿ ನೀರಿನ ತೊಟ್ಟಿಯಲ್ಲಿ ನಿಲ್ಲಿಸಿ, ಚಿಟಿಕೆ ಮದ್ದು ಸಿಡಿಸಿ, ಹೊಗೆಗೆ ಸಿಗಾರ್ ಸೇದಿ ಊದಿದರು.

ದಕ್ಷಿಣ ಆಫ್ರಿಕದ ಬೋಯರ್ ಯುದ್ಧದ ಹೊತ್ತಿಗೆ (1899–1902) ಇದೊಂದು ಉದ್ಯಮವೇ ಆಯಿತು. ಲಂಡನ್ನಿನ ಮಸ್ವೆಲ್ ಹಿಲ್‌ನಲ್ಲಿ ರಾಬರ್ಟ್ ಪಾಲ್, ಬ್ಲ್ಯಾಕ್‌ಬರ್ನ್ ಊರಿನ ಮಿಚೆಲ್ ಅಂಡ್ ಕೆನ್ಯನ್, ಅಮೆರಿಕದ ನ್ಯೂಜೆರ್ಸಿಯಲ್ಲಿ ಎಡಿಸನ್ ಕಂಪನಿ, ಎಲ್ಲರೂ ದಕ್ಷಿಣ ಆಫ್ರಿಕವನ್ನು ಮನೆ ಹತ್ತಿರವೇ ಕಂಡುಕೊಂಡರು. ಎಡಿಸನ್ ತಂಡದ ಜೇಮ್ಸ್ ವೈಟ್ ಈ ಆಟದ ಫಿರಂಗಿ ಸಿಡಿದು ನಿಜವಾಗಿ ಗಾಯಗೊಂಡರು. ಅದೇ ಹೊತ್ತಿನಲ್ಲಿ ಡಬ್ಲ್ಯು.ಕೆ.ಎಲ್. ಡಿಕ್ಸನ್ ಬಯೋಗ್ರಾಫ್ ಕಂಪನಿಯ ಭಾರೀ ಕ್ಯಾಮೆರಾವನ್ನು ಗಾಡಿಯಲ್ಲಿ ಹೇರಿಕೊಂಡು ದಕ್ಷಿಣ ಆಫ್ರಿಕಕ್ಕೇ ಹೋಗಿದ್ದರು. ಸಿಕ್ಕಿದ್ದು ಹೊಳೆ ದಾಟುವ ದಳ, ದೂರದ ಫಿರಂಗಿ, ಆಂಬುಲೆನ್ಸ್ ಗಾಡಿ. ನೋಡುಗರಿಗೆ ಮಸ್ವೆಲ್ ಹಿಲ್ಲೇ ಹೆಚ್ಚು 'ಯುದ್ಧ'ವಾಗಿ ಕಂಡಿದ್ದರೆ ಅಚ್ಚರಿಯಿಲ್ಲ.

ಈ ಕಾಲದ ನಕಲಿ ಪತ್ತೆಗೆ ಒಂದು ಗುರುತು: ಹೊಗೆ. 1899ರ ಹೊತ್ತಿಗೆ ಎರಡೂ ಕಡೆಯ ಬಂದೂಕುಗಳಲ್ಲಿ ಹೊಗೆಯಿಲ್ಲದ ಮದ್ದು ಬಂದಿತ್ತು. ಪ್ರತಿ ಗುಂಡಿಗೂ ಬಿಳಿ ಮೋಡ ಏಳುತ್ತಿದ್ದರೆ ಅದು ಕರಿಮದ್ದಿನ ಖಾಲಿ ತೋಟೆ. ಹಿನ್ನೆಲೆಯಲ್ಲಿ ಇಂಗ್ಲೆಂಡಿನ ಹಸುರು ಬೇಲಿಗಿಡ ಕಂಡರಂತೂ ವಾದವೇ ಬೇಡ.

ಪಾಂಚೊ ವಿಯಾ ಕ್ಯಾಮೆರಾಗಾಗಿ ಹಗಲಲ್ಲೇ ಯುದ್ಧ ಮಾಡಲು ಒಪ್ಪಂದ ಮಾಡಿಕೊಂಡಿದ್ದನಂತೆ?

1914ರ ಜನವರಿಯಲ್ಲಿ ಮೆಕ್ಸಿಕೊದ ಈ ಬಂಡಾಯ ನಾಯಕ ಮ್ಯೂಚುವಲ್ ಫಿಲ್ಮ್ ಕಂಪನಿಯೊಂದಿಗೆ ಒಪ್ಪಂದ ಮಾಡಿಕೊಂಡದ್ದು ನಿಜ. ಆದರೆ ಉಳಿದಿರುವ ಒಪ್ಪಂದಪತ್ರದಲ್ಲಿ ಹಗಲು ಕಾಳಗದ ಷರತ್ತು ಇಲ್ಲ. ಕಥೆ ಚೆನ್ನಾಗಿದೆ ಎಂದು ಎಲ್ಲರೂ ಹೇಳುತ್ತಲೇ ಬಂದರು.

ಜರ್ಮನ್ನರು ಸುಮ್ಮನಿದ್ದರೇ?

ಬ್ರಿಟಿಷ್ ಚಿತ್ರದ ಯಶಸ್ಸು ಕಂಡು 1917ರ ಜನವರಿಯಲ್ಲಿ ತಮ್ಮದೇ ಸಾಮ್ ಚಿತ್ರ ತಂದರು. ಅದರಲ್ಲೂ ತರಬೇತಿ ಜಾಗದಲ್ಲಿ ಆಡಿಸಿ ತೆಗೆದ ದಾಳಿಗಳಿವೆ. ಅದೇ ತಿಂಗಳು ಬ್ರಿಟಿಷರು ಆಂಕ್ರ್ ಕಾಳಗದ ಚಿತ್ರ ಬಿಟ್ಟು, ಟ್ಯಾಂಕನ್ನು ಮೊದಲ ಬಾರಿಗೆ ಜನರಿಗೆ ತೋರಿಸಿದರು.

ಕಥಾಚಿತ್ರಗಳಲ್ಲಿ ಯಾವುದು ನಂಬಲರ್ಹ?

'ನಂಬಲರ್ಹ' ಎಂಬ ಮಾತು ಇಲ್ಲಿ ಬೇರೆಯೇ ಅರ್ಥ ತಾಳುತ್ತದೆ. ಮೂರನ್ನು ಹೆಸರಿಸಬಹುದು.

ಆಬೆಲ್ ಗಾನ್ಸ್ ಅವರ 'ಜಾಕ್ಯೂಸ್' (1919). ಯುದ್ಧ ಇನ್ನೂ ನಡೆಯುತ್ತಿರುವಾಗಲೇ ಚಿತ್ರೀಕರಣ ಶುರುವಾಯಿತು. ಸತ್ತವರು ಮೈದಾನದಿಂದ ಎದ್ದು ಊರಿಗೆ ಮರಳುವ ಕೊನೆಯ ಭಾಗದಲ್ಲಿ ನಟಿಸಿದವರು ರಜೆಯ ಮೇಲೆ ಬಂದಿದ್ದ ನಿಜವಾದ ಸೈನಿಕರು. ರಜೆ ಮುಗಿಸಿ ಮುಂಚೂಣಿಗೆ ಮರಳಿದ ಅವರಲ್ಲಿ ಅನೇಕರು ಸತ್ತರು. ಹೆಣದ ಪಾತ್ರ ಮಾಡಿ ಹೋಗಿ ಹೆಣವಾದರು. ಕಟ್ಟುಕಥೆಯ ಈ ದೃಶ್ಯದ ಮುಂದೆ ಎಷ್ಟೋ ಸುದ್ದಿಚಿತ್ರಗಳು ಸಪ್ಪೆ.

ಕಿಂಗ್ ವಿಡರ್ ಅವರ 'ದಿ ಬಿಗ್ ಪರೇಡ್' (1925). ಕಾಡಿನೊಳಗೆ ಅಮೆರಿಕನ್ ಸೈನಿಕರು ನಿಧಾನವಾಗಿ ಮುಂದುವರಿಯುತ್ತಾ ಒಬ್ಬೊಬ್ಬರಾಗಿ ಬೀಳುವ ದೃಶ್ಯಕ್ಕಾಗಿ ನೋಡಿ. ವಿಡರ್ ಸೇನೆಯ ತುಣುಕುಗಳಲ್ಲಿ ಶವಯಾತ್ರೆಯ ನಡಿಗೆಯನ್ನು ಗಮನಿಸಿ, ಅದೇ ಲಯಕ್ಕೆ ತಾಳ ಹಿಡಿಯುವ ಯಂತ್ರವಾದ ಮೆಟ್ರೊನೋಮ್ ಹೊಂದಿಸಿ, ಬಯಲಲ್ಲಿ ದೊಡ್ಡ ಡೋಲು ಬಾರಿಸಿ ಎಲ್ಲರನ್ನೂ ಆ ತಾಳಕ್ಕೆ ನಡೆಸಿದರು. ಮೂಕಿಯಾದ್ದರಿಂದ ಡೋಲು ಕೇಳಿಸದು, ಕಾಲುಗಳಲ್ಲಿ ಕಾಣಿಸುತ್ತದೆ.

'ವಿಂಗ್ಸ್' (1927). ಮೊದಲ ಆಸ್ಕರ್ ಸಮಾರಂಭದಲ್ಲಿ ದೊಡ್ಡ ಪ್ರಶಸ್ತಿ ಪಡೆದದ್ದು ಇದೇ. ನಿರ್ದೇಶಕ ವಿಲಿಯಂ ವೆಲ್‌ಮನ್ ಸ್ವತಃ ಯುದ್ಧದಲ್ಲಿ ವಿಮಾನ ಹಾರಿಸಿದವರು. ಮೋಡವಿಲ್ಲದ ಆಕಾಶದಲ್ಲಿ ವಿಮಾನ ಎಷ್ಟು ವೇಗವಾಗಿ ಹೋದರೂ ನಿಂತಂತೆಯೇ ಕಾಣುತ್ತದೆಂದು ತಿಳಿದಿದ್ದರಿಂದ, ನಿರ್ಮಾಪಕರು ಹಲ್ಲು ಕಡಿಯುತ್ತಿದ್ದರೂ ಟೆಕ್ಸಸ್‌ನಲ್ಲಿ ಮೋಡಕ್ಕಾಗಿ ದಿನಗಟ್ಟಲೆ ಕಾದರು. ಕ್ಯಾಮೆರಾವನ್ನು ವಿಮಾನಕ್ಕೇ ಬಿಗಿದು, ನಟರೇ ಮೇಲೆ ಹೋಗಿ ಅದನ್ನು ಚಾಲೂ ಮಾಡಿಕೊಂಡು ನಟಿಸಿದರು.

ಲಿಯೋಂ ಪೊಯ್ರಿಯೆ ಅವರ ವರ್ಡನ್ ಚಿತ್ರದ (1928) ಬಗ್ಗೆ ಎಚ್ಚರ. ಯುದ್ಧ ನಡೆದ ಜಾಗದಲ್ಲೇ, ಅಲ್ಲಿ ಹೋರಾಡಿದವರನ್ನೇ ಹಾಕಿಕೊಂಡು ತೆಗೆದದ್ದರಿಂದ ಅದರ ತುಣುಕುಗಳು ಎಷ್ಟೋ ಸಾಕ್ಷ್ಯಚಿತ್ರಗಳಲ್ಲಿ '1916ರ ನಿಜ ದೃಶ್ಯ' ಎಂದು ನುಸುಳಿವೆ.

ಕೈಗೆ ಸಿಕ್ಕ ತುಣುಕು ನಿಜವೋ ನಕಲಿಯೋ, ನೋಡುವುದು ಹೇಗೆ?

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂಬ ಗಾದೆ ಈ ಕೆಲಸಕ್ಕೇ ಹೇಳಿ ಮಾಡಿಸಿದಂತಿದೆ. ಮೊದಲು ಧ್ವನಿ ಬಂದ್ ಮಾಡಿ. ಗುಂಡಿನ ಸದ್ದೆಲ್ಲ ಆಮೇಲೆ ಸೇರಿಸಿದ್ದು, ಅದು ಕಣ್ಣನ್ನು ಮೋಸಗೊಳಿಸುತ್ತದೆ.

ಆಮೇಲೆ ಕೇಳಬೇಕಾದದ್ದು ಒಂದೇ ಪ್ರಶ್ನೆ: ಕ್ಯಾಮೆರಾ ಎಲ್ಲಿ ನಿಂತಿದೆ? ದಾಳಿಗೆ ಬರುವವರನ್ನು ಎದುರಿನಿಂದ ತೆಗೆದಿದ್ದರೆ ಕ್ಯಾಮೆರಾದವ ಶತ್ರುವಿನ ಕಡೆ ಕುಳಿತಿರಬೇಕು. ಒಂದೇ ದಾಳಿ ಎರಡು ಮೂರು ಕೋನದಿಂದ, ಅಚ್ಚುಕಟ್ಟಾಗಿ ಕತ್ತರಿಸಿ ಜೋಡಿಸಿದಂತೆ ಬಂದರೆ, ಒಂದೇ ಕ್ಯಾಮೆರಾ ಒಂದೇ ಸಲಕ್ಕೆ ಹಾಗೆ ಮಾಡಲಾರದು. ಬೀಳುವವರನ್ನು ನೋಡಿ. ನಟಿಸುವವರು ಕೈಯೆತ್ತಿ, ತಿರುಗಿ, ಬಂದೂಕಿಗೆ ಪೆಟ್ಟಾಗದಂತೆ ಬೀಳುತ್ತಾರೆ. ಗುಂಡು ತಗುಲಿದವನು ಕುಸಿಯುತ್ತಾನೆ ಅಷ್ಟೆ.

ಇಸವಿ ಪತ್ತೆಗೆ ತಲೆ ನೋಡಿ. ಬ್ರಿಟಿಷರ ತಟ್ಟೆಯಾಕಾರದ ಉಕ್ಕಿನ ಹೆಲ್ಮೆಟ್ 1915ರ ಕೊನೆಗೆ ಬರತೊಡಗಿ 1916ರ ಬೇಸಿಗೆಯ ಹೊತ್ತಿಗೆ ಎಲ್ಲರಿಗೂ ಸಿಕ್ಕಿತು. ಫ್ರೆಂಚರದ್ದು 1915ರಿಂದ. ಜರ್ಮನ್ನರ ಕಿವಿ ಮುಚ್ಚುವ ಹೆಲ್ಮೆಟ್ 1916ರ ಆರಂಭದಿಂದ, ಅದಕ್ಕೆ ಮುಂಚೆ ಚೂಪು ಮೊನೆಯ ಚರ್ಮದ ಟೊಪ್ಪಿ. '1914, ಮಾರ್ನ್ ಕಾಳಗ' ಎಂಬ ಶೀರ್ಷಿಕೆಯಡಿ ಉಕ್ಕಿನ ಹೆಲ್ಮೆಟ್ ಕಂಡರೆ ಶೀರ್ಷಿಕೆ ತಪ್ಪು. ಯುದ್ಧದಲ್ಲಿ ಟ್ಯಾಂಕ್ ಇಳಿದದ್ದು 1916ರ ಸೆಪ್ಟೆಂಬರ್ 15ರಂದು. ಅಮೆರಿಕನ್ ಸೈನಿಕರು ಬಂದದ್ದು 1917ರಲ್ಲಿ.

ಶೆಲ್ ಸಿಡಿದಾಗ ಮಣ್ಣು ಮೇಲೇಳುತ್ತದೆಯೋ ಬರೀ ಹೊಗೆಯೋ? ನಿಜವಾದ ಶೆಲ್ ನೆಲ ಕಿತ್ತು ಗಾಢ ಬಣ್ಣದ ಕಂಬ ಎಬ್ಬಿಸುತ್ತದೆ, ಕಲ್ಲುಮಣ್ಣು ತುಸು ಹೊತ್ತು ಸುರಿಯುತ್ತಿರುತ್ತದೆ. ಪಕ್ಕದಲ್ಲೇ ಸಿಡಿದರೂ ಕ್ಯಾಮೆರಾ ಅಲುಗದಿದ್ದರೆ ಅನುಮಾನಿಸಿ.

ಇಷ್ಟೆಲ್ಲದರಲ್ಲಿ ಪಾಸಾದ ತುಣುಕು ಬಹುತೇಕ ಕಾಳಗದ್ದೇ ಆಗಿರುವುದಿಲ್ಲ: ಚಹಾ ಕುಡಿಯುವುದು, ಮದ್ದುಗುಂಡು ಇಳಿಸುವುದು, ಕೈದಿಗೆ ಸಿಗರೇಟು ಕೊಡುವುದು. ನಿರಾಶರಾಗಬೇಡಿ, ಸಿಕ್ಕಿದ ಚಿನ್ನ ಅದೇ.

ಬಣ್ಣ ಹಚ್ಚಿದ ಆವೃತ್ತಿ ನೋಡಬಹುದೇ?

ನೋಡಿ, ಆದರೆ ಎರಡನೆಯದಾಗಿ. ಪೀಟರ್ ಜಾಕ್ಸನ್ 2018ರಲ್ಲಿ 'ದೇ ಶಲ್ ನಾಟ್ ಗ್ರೋ ಓಲ್ಡ್' ಮಾಡಿದಾಗ ಹಳೆಯ ತುಣುಕುಗಳ ವೇಗ ತಿದ್ದಿ, ನಡುವಿನ ಫ್ರೇಮುಗಳನ್ನು ಕಂಪ್ಯೂಟರಿನಿಂದ ಹುಟ್ಟಿಸಿ, ಬಣ್ಣವೂ ಧ್ವನಿಯೂ ಕೊಟ್ಟರು. ಅಷ್ಟೆಲ್ಲ ಸೌಲಭ್ಯವಿದ್ದೂ ದಾಳಿಯ ಭಾಗಕ್ಕೆ ಬಂದಾಗ ಅವರು ಬಳಸಿದ್ದು ಅಂದಿನ ಪತ್ರಿಕೆಯ ಚಿತ್ರಕಾರರು ಬರೆದ ರೇಖಾಚಿತ್ರಗಳನ್ನು. ತೋರಿಸಲು ಬೇರೇನೂ ಇರಲಿಲ್ಲ.

ಭಾರತೀಯ ಸೈನಿಕರ ಚಿತ್ರಗಳಿವೆಯೇ? ಮೈಸೂರು ಲ್ಯಾನ್ಸರ್ಸ್?

ಭಾರತೀಯ ದಳಗಳು 1914ರ ಶರತ್ಕಾಲದಲ್ಲೇ ಫ್ರಾನ್ಸ್ ತಲುಪಿದ್ದವು. 1915ರ ಬೇಸಿಗೆಯಲ್ಲಿ ಹಿಲ್ಟನ್ ಡೆವಿಟ್ ಗರ್ಡ್‌ವುಡ್ ಅವರ ನಡುವೆ ಇದ್ದು ಫೋಟೊ, ಫಿಲ್ಮ್ ಎರಡನ್ನೂ ತೆಗೆದರು. ಆ ಫಿಲ್ಮ್ 1916ರಲ್ಲಿ 'ವಿತ್ ದಿ ಎಂಪೈರ್ಸ್ ಫೈಟರ್ಸ್' ಎಂದು ತೆರೆಕಂಡಿತು. ಅಡುಗೆ, ಕವಾಯತು, ಕುದುರೆಗಳ ಭಾಗ ಅಮೂಲ್ಯ. ಗೂರ್ಖಾಗಳು ಕಂದಕಕ್ಕೆ ನುಗ್ಗುವಂಥ ದಾಳಿಗಳು ಮುಂಚೂಣಿಯ ಹಿಂದೆ ಆಡಿಸಿದವು.

ಮೈಸೂರು ಲ್ಯಾನ್ಸರ್ಸ್ ಎಂಬ ಕುದುರೆಪಡೆಯ ವಿಷಯಕ್ಕೆ ಬಂದರೆ, 1918ರ ಸೆಪ್ಟೆಂಬರ್ 23ರಂದು ಇಂದಿನ ಇಸ್ರೇಲಿನ ಹೈಫಾದಲ್ಲಿ ಅವರೂ ಜೋಧಪುರ ಲ್ಯಾನ್ಸರ್ಸ್ ಪಡೆಯೂ ದಾಳಿ ಮಾಡಿ ಊರು ಗೆದ್ದರು. ಜೋಧಪುರದವರು ನೇರ ನುಗ್ಗಿದರೆ, ಮೈಸೂರಿನ ತುಕಡಿಯೊಂದು ಕಾರ್ಮೆಲ್ ಬೆಟ್ಟ ಹತ್ತಿ ಮೇಲಿನ ಫಿರಂಗಿಗಳ ಮೇಲೆ ಬಿತ್ತು. ಪ್ರತಿ ಸೆಪ್ಟೆಂಬರಿನಲ್ಲಿ 'ಹೈಫಾ ದಾಳಿಯ ಅಸಲಿ ವಿಡಿಯೊ' ಹರಿದಾಡುತ್ತದೆ. ಮೇಲಿನ ಪ್ರಶ್ನೆಯನ್ನೇ ಹಾಕಿ: ನಾಗಾಲೋಟದ ಕುದುರೆಗಳ ಎದುರು ಹಿಡಿ ತಿರುಗಿಸುತ್ತಾ ನಿಂತವನು ಯಾರು? ಬೆಟ್ಟದ ಕಡಿದಾದ ದಾರಿಯಲ್ಲಿ ಆ ಟ್ರೈಪಾಡ್ ಹೊತ್ತವರು ಯಾರು? ಜೊತೆಗೆ ಕುದುರೆಗಳ ಕಾಲ್ಸದ್ದೂ ಕೇಳಿದರೆ ಮುಂದಕ್ಕೆ ಕಳಿಸುವ ಮುನ್ನ ಬೆರಳು ತಡೆಯಿರಿ.

ಚಿತ್ರ ಸಮಾಜದಲ್ಲಿ ತೋರಿಸಬೇಕು. ಸಂಗೀತ ಏನು ಹಾಕಲಿ?

ಪೂರ್ತಿ ನಿಶ್ಶಬ್ದವಾಗಿ ತೋರಿಸುವುದು ಶುದ್ಧತೆಯಲ್ಲ. ಅಂದು ಹಾಗೆ ತೋರಿಸುತ್ತಿರಲಿಲ್ಲ, ಪಿಯಾನೊ ಅಥವಾ ವಾದ್ಯವೃಂದ ಇದ್ದೇ ಇರುತ್ತಿತ್ತು. ಸಾಮ್ ಚಿತ್ರಕ್ಕೆ ಯಾವ ಭಾಗಕ್ಕೆ ಯಾವ ರಾಗ ಎಂಬ ಪಟ್ಟಿಯನ್ನು ಜೆ. ಮಾರ್ಟನ್ ಹಚಿಸನ್ 1916ರಲ್ಲೇ ಕೊಟ್ಟಿದ್ದರು. 2008ರ ಡಿವಿಡಿಯಲ್ಲಿ ಅದರ ಮರುನಿರ್ಮಾಣವೂ, ಲಾರಾ ರಾಸಿ ಹೊಸದಾಗಿ ರಚಿಸಿದ ಸಂಗೀತವೂ ಇವೆ. ಹಳೆಯ ಪಟ್ಟಿಯ ಲವಲವಿಕೆಯ ಧಾಟಿಗಳು ಇಂದಿನ ಕಿವಿಗೆ ಕಸಿವಿಸಿ ಮಾಡುತ್ತವೆ. ಅಂದಿನವರು ಏನು ಕೇಳಿದರು ಎಂದು ತಿಳಿಯಬೇಕಾದರೆ ಅದನ್ನೇ ಹಾಕಿ. ನೀವೇ ನುಡಿಸುವುದಾದರೆ ಸ್ಫೋಟಕ್ಕೆ ಡೋಲು ಹೊಡೆಯುವ ಆಸೆ ಬಿಡಿ. ಟೈಟಲ್ ಕಾರ್ಡುಗಳನ್ನು ಒಬ್ಬರು ಕನ್ನಡದಲ್ಲಿ ಓದಿ ಹೇಳಬಹುದು, ಕಾರ್ಡ್ ಪರದೆಯಲ್ಲಿರುವಷ್ಟೇ ಹೊತ್ತು.

ಮನೆಯ ಅಟ್ಟದಲ್ಲಿ ಹಳೆಯ ರೀಲು ಸಿಕ್ಕಿದೆ. ಏನು ಮಾಡಲಿ?

ಪ್ರೊಜೆಕ್ಟರಿಗೆ ಹಾಕಬೇಡಿ. ಅಗಲ ಅಳೆಯಿರಿ. 35 ಮಿ.ಮೀ. ಇದ್ದು 1950ಕ್ಕಿಂತ ಹಳೆಯದಾದರೆ ಬೇಗ ಹೊತ್ತಿಕೊಳ್ಳುವ ನೈಟ್ರೇಟ್ ಫಿಲ್ಮ್ ಇರಬಹುದು. ಅದು ಉರಿಯುವಾಗ ತನ್ನ ಆಮ್ಲಜನಕವನ್ನು ತಾನೇ ಹುಟ್ಟಿಸಿಕೊಳ್ಳುತ್ತದೆ, ನೀರಿಗೂ ಮರಳಿಗೂ ಬಗ್ಗದು. 2003ರಲ್ಲಿ ಪುಣೆಯಲ್ಲಿ ಇಂಥ ಬೆಂಕಿಗೆ ಭಾರತದ ಹಳೆಯ ಚಿತ್ರಗಳ ಎಷ್ಟೋ ರೀಲುಗಳು ಆಹುತಿಯಾದವು. ತುದಿ ಕತ್ತರಿಸಿ ಕಡ್ಡಿ ಗೀರಿ ಪರೀಕ್ಷಿಸುವ ಸಲಹೆ ಯಾರಾದರೂ ಕೊಟ್ಟರೆ ಕೇಳಬೇಡಿ. ವಿನೆಗರ್ ವಾಸನೆ ಬಂದರೆ ಅದು ಅಸಿಟೇಟ್ ಎಂಬ ಇನ್ನೊಂದು ಬಗೆಯ ಫಿಲ್ಮ್, ಬೆಂಕಿಯ ಭಯ ಅಷ್ಟಿಲ್ಲ, ಆದರೆ ಕೊಳೆಯತೊಡಗಿದೆ. ಅಂಟಂಟು, ಕಂದು ಪುಡಿ, ಕೆಟ್ಟ ಘಾಟು ಇದ್ದರೆ ನೈಟ್ರೇಟ್ ಕೊಳೆತಿದೆ, ಸುರುಳಿ ಬಿಚ್ಚಲೂ ಹೋಗಬೇಡಿ.

ಡಬ್ಬಿಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಬೇಡಿ, ಒಳಗಿನ ಅನಿಲ ಹೊರಹೋಗಬೇಕು. ಅಡುಗೆಮನೆ, ದೇವರ ದೀಪ, ಬಿಸಿಲು ಬೀಳುವ ಕಿಟಕಿಗಳಿಂದ ದೂರ, ಮನೆಯ ಅತಿ ತಂಪಾದ ಜಾಗದಲ್ಲಿಡಿ. ಅಂಚೆಗೋ ಕೊರಿಯರ್‌ಗೋ ಕೊಡದೆ, ಡಬ್ಬಿಯ ಮೇಲಿನ ಬರಹ ಮತ್ತು ಫಿಲ್ಮಿನ ಅಂಚಿನ ಅಕ್ಷರಗಳ ಫೋಟೊ ತೆಗೆದು ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ಮೊದಲು ಬರೆದು ಕೇಳಿ. 16 ಅಥವಾ 9.5 ಮಿ.ಮೀ. ಆದರೆ ಮನೆಬಳಕೆಗೆಂದೇ ಮಾಡಿದ ಸುರಕ್ಷಿತ ಫಿಲ್ಮ್, ನಿರಾಳವಾಗಿ ಉಸಿರಾಡಬಹುದು.